ಗೊತ್ತಿಲ್ಲ ಎಂದ ಬೀದಿ

ಹೋದ ಭಾನುವಾರ ಶಿವಾಜಿನಗರದ ಗುಜರಿ ಸಾಲಿನಲ್ಲಿ ಹಿತ್ತಾಳೆಯ ಹಳೆಯ ಇಸ್ತ್ರಿ ಪೆಟ್ಟಿಗೆಯೊಂದಕ್ಕೆ ಎರಡೂವರೆ ಸಾವಿರ ಕೊಟ್ಟೆ. ಗುಜರಿಯವನು ಹೇಳಿದ್ದೇ ಅಷ್ಟು. ಹಳೆಯ ಫ್ರಿಜ್ಜು, ಬೀರು ಕೊಂಡು ಮಾರಿಯೇ ಸ್ವಂತ ಮನೆ ಕಟ್ಟಿದವನು ನಾನು. ಹೇಳಿದ ಬೆಲೆಗೆ ಒಂದು ಮೊಳೆಯನ್ನೂ ಕೊಂಡವನಲ್ಲ. ಆದರೆ ಮುಚ್ಚಳ ಎತ್ತಿದಾಗ ಇದ್ದಿಲ ಬೂದಿಯ ವಾಸನೆ ಬಂತು. ಅದರ ಹಿಂದೆಯೇ, ಆ ಪೆಟ್ಟಿಗೆಯಲ್ಲಿ ಇಲ್ಲದ ಇನ್ನೊಂದು, ನೀರು ಚಿಮುಕಿಸಿದ ಕಾಟನ್ ಬಟ್ಟೆ ಕಾಯುವ ವಾಸನೆ... ಚೌಕಾಸಿಗೆ ಬಾಯೇ ಬರಲಿಲ್ಲ.

ಹಲಸೂರಿನ ನಮ್ಮ ಬೀದಿಯ ಮೂಲೆಯಲ್ಲಿ ತಳ್ಳುಗಾಡಿಯ ಮೇಲೆ ಬಟ್ಟೆ ಉಜ್ಜುತ್ತಿದ್ದ ಹೆಂಗಸನ್ನು ಎಲ್ಲರೂ ಇಸ್ತ್ರಿ ಅಕ್ಕ ಎನ್ನುತ್ತಿದ್ದೆವು. ಗಾಡಿ ಮೊದಲು ಅವರ ಗಂಡನದು. ಕುಡಿದು ಬಂದವನೊಬ್ಬ ಗಾಡಿ ಉರುಳಿಸಿದ ದಿನ ಅಕ್ಕನ ಗಂಡ ಸಿಟ್ಟಿನಲ್ಲಿ ರಾಡಿನಿಂದ ಹೊಡೆದ. ಆ ಕುಡುಕ ಸತ್ತ. ಗಂಡನಿಗೆ ಜೀವಾವಧಿ ಶಿಕ್ಷೆಯಾಯಿತು. ಜೈಲಿನಲ್ಲಿ ವರ್ಷಗಳು ಕಳೆದವು, ಅವನ ಶ್ವಾಸಕೋಶ ಕೆಟ್ಟಿತು. ಸಾಯುವುದಾದರೆ ಮನೆಯಲ್ಲಿ ಸಾಯಲಿ ಎಂಬುದೊಂದೇ ಅಕ್ಕನಿಗೆ ಉಳಿದ ಆಸೆ.

ರಾಜ್ಯಪಾಲರಿಗೆ ಕ್ಷಮಾದಾನದ ಅರ್ಜಿ ಹಾಕೋಣ ಎಂದವನು ನಾನು. ವಕೀಲರ ಬಳಿ ಕರೆದುಕೊಂಡು ಹೋದವನೂ ನಾನೇ. ಅಲ್ಲಿ ಅಕ್ಕ ಪಟ್ಟು ಹಿಡಿದರು.

"ನನ್ ಗಂಡ ಹೊಡ್ದಿದ್ದು ನಿಜ ಅಂತ ನಾನೇ ಬರ್ಕೊಡ್ಲಾ ಅಣ್ಣ?"

"ಬರ್ಕೊಡಿ ಅಕ್ಕ. ಇದು ಕೋರ್ಟಲ್ಲ. ತಪ್ಪೇ ಮಾಡಿಲ್ಲ ಅಂದ್ರೆ ಏನ್ ಅಂತ ಕ್ಷಮಿಸ್ತಾರೆ ಅವ್ರು?"

ಕೊನೆಗೆ ಅಕ್ಕ ಹೆಬ್ಬೆಟ್ಟು ಒತ್ತಿದರು. ಸತ್ತವನ ತಾಯಿ ಕಮ್ಮನಹಳ್ಳಿಯಲ್ಲಿದ್ದರು. ಅವರೇ ಆಕ್ಷೇಪಣೆ ಇಲ್ಲ ಎಂದು ಬರೆದುಕೊಟ್ಟರು. ಇನ್ನೇನು, ಕೆಲಸ ಆಯಿತು ಅಂದುಕೊಂಡೆವು.

ಇಂಥ ಅರ್ಜಿ ಹೋದ ಮೇಲೆ ಸರ್ಕಾರ ಪೊಲೀಸರನ್ನು ಕೇಳುತ್ತದೆ: ಈತ ಹೊರಗೆ ಬಂದರೆ ಬೀದಿಗೆ ತೊಂದರೆಯೇ, ಇವನನ್ನು ಬಲ್ಲವರು ಇದ್ದಾರೆಯೇ ಎಂದು. ವಿಚಾರಿಸಲು ಪೇದೆಯೊಬ್ಬ ಬಂದ ದಿನ ಅಕ್ಕ ಗಂಡನನ್ನು ನೋಡಲು ಜೈಲಿಗೆ ಹೋಗಿದ್ದರು, ನಾನು ಅಂಗಡಿಯಲ್ಲಿದ್ದೆ. ಸಂಜೆ ಬರುವಾಗ ಟೀ ಅಂಗಡಿಯವನು ಕರೆದು ಕೂರಿಸಿದ. ಮುಖದಲ್ಲಿ ಗೆದ್ದ ಕಳೆ.

"ಪೊಲೀಸ್ ಬಂದಿದ್ದ ಗುರು, ಇಸ್ತ್ರಿ ಅಕ್ಕನ ಗಂಡನ್ನ ಕೇಳ್ಕೊಂಡು. ಒಬ್ರೂ ಬಾಯ್ ಬಿಡ್ಲಿಲ್ಲ."

"ಏನಂದ್ರಿ?"

"ಏನಂತೀವಿ? ಗೊತ್ತಿಲ್ಲ ಸಾರ್, ಅಂಥೋರು ಯಾರೂ ಇಲ್ಲಿಲ್ಲ ಅಂದ್ವಿ. ಅಕ್ಕನ ಮನೆ ಓನರಮ್ಮನೂ ಅಷ್ಟೇ, ಬಾಗ್ಲೇ ತೆಗೀಲಿಲ್ಲ."

ನಮ್ಮ ಬೀದಿಯ ಪದ್ಧತಿಯೇ ಅದು. ಖಾಕಿ ಕಂಡರೆ ಯಾರನ್ನೂ ಯಾರೂ ಅರಿಯರು. ಎಷ್ಟೋ ಹುಡುಗರು ಆ ಪದ್ಧತಿಯಿಂದ ಉಳಿದುಕೊಂಡಿದ್ದಾರೆ. ಅಕ್ಕನಿಗೂ ಅದೇ ಉಪಕಾರ ಮಾಡಿದೆವೆಂದು ಇವರು ತಿಳಿದಿದ್ದರು.

ಮರುದಿನ ಬೆಳಿಗ್ಗೆಯೇ ಟೀ ಅಂಗಡಿಯವನನ್ನೂ ಓನರಮ್ಮನನ್ನೂ ಎಳೆದುಕೊಂಡು ಸ್ಟೇಷನ್ನಿಗೆ ಹೋದೆ. ಮೇಜಿನಲ್ಲಿ ಬರೆಯುತ್ತಿದ್ದ ಪೊಲೀಸರು ತಲೆ ಎತ್ತದೆ ಹೇಳಿದರು: "ರಿಪೋರ್ಟ್ ಮೇಲಕ್ಕೆ ಹೋಯ್ತಲ್ರೀ. ನಿನ್ನೆ ಗೊತ್ತಿಲ್ದೋರ್ಗೆ ಇವತ್ತು ಹೆಂಗ್ ಗೊತ್ತಾಯ್ತು?" ಮೇಲಿನವರಿಗೂ ಒಂದು ಮನವಿ ಕಳಿಸಿದೆವು. ಯಾರಾದರೂ ಓದಿದರೋ ಇಲ್ಲವೋ... ಅರ್ಜಿ ತಿರಸ್ಕಾರವಾಯಿತು. ಸ್ಥಳೀಯರಲ್ಲಿ ಯಾರೂ ಈತನನ್ನು ಬಲ್ಲವರಿಲ್ಲ, ಹೊಣೆ ಹೊರುವವರೂ ಇಲ್ಲ ಎಂಬುದು ವರದಿಯಲ್ಲಿತ್ತೆಂದು ವಕೀಲರು ಹೇಳಿದರು. ಎರಡನೆಯ ಅರ್ಜಿ ಬರೆಸುವ ಮೊದಲೇ ಅಕ್ಕನ ಗಂಡ ಜೈಲಿನಲ್ಲಿ ತೀರಿಕೊಂಡ.

ಹೆಣ ಬೀದಿಗೆ ಬಂದ ದಿನ ಎಲ್ಲ ಅಂಗಡಿಗಳ ಷಟರ್ ಕೆಳಗಿಳಿದಿದ್ದವು. ಎಂಥ ನಿಯತ್ತಿನ ಮನುಷ್ಯ ಎಂದರು ಒಬ್ಬರು. ನಮ್ಮ ಮಗಳ ಮದುವೆಗೆ ಅಷ್ಟೂ ಬಟ್ಟೆ ಬಿಟ್ಟಿಯಾಗಿ ಉಜ್ಜಿಕೊಟ್ಟಿದ್ದ ಎಂದು ಓನರಮ್ಮ ಅತ್ತರು. ಅಕ್ಕ ಅಳಲಿಲ್ಲ. ನನ್ನ ಕಡೆ ತಿರುಗಿ, "ಇವತ್ತು ಎಲ್ಲಾರ್ಗೂ ಗೊತ್ತು ನೋಡಿ ಅಣ್ಣ," ಅಂದರು. ಅಷ್ಟೇ.

ಆಮೇಲೆ ಗಾಡಿ ಮಾರಿ ಕೆ.ಆರ್. ಪುರದ ಆಚೆ ತಂಗಿಯ ಮನೆಗೆ ಹೋದರು. ಈಗ ಎಲ್ಲಿದ್ದಾರೋ, ಇದ್ದಾರೋ ಇಲ್ಲವೋ... ಗಾಡಿ ನಿಲ್ಲುತ್ತಿದ್ದ ಮೂಲೆಯಲ್ಲಿ ಡೆಲಿವರಿಯವರ ಬೈಕುಗಳು ನಿಂತಿರುತ್ತವೆ.

ನಿಮ್ಮವರು ಯಾರಾದರೂ ಒಳಗಿದ್ದು ಇಂಥ ಅರ್ಜಿ ಹಾಕುವುದಾದರೆ ಕೇಳಿ. ವಕೀಲರ ಮನೆಗಿಂತ ಮೊದಲು ಬೀದಿಯ ಒಂದೊಂದು ಬಾಗಿಲೂ ತಟ್ಟಿ. ಪೊಲೀಸರು ಬರುತ್ತಾರೆ, ಈ ಸಲ ಬರುವುದು ಹಿಡಿಯುವುದಕ್ಕಲ್ಲ ಎಂದು ಬಿಡಿಸಿ ಹೇಳಿ. ಇವನನ್ನು ಬಲ್ಲೆ, ಬಂದರೆ ಇರಲು ಜಾಗವಿದೆ, ಮಾಡಲು ಕೆಲಸವಿದೆ ಎಂದು ಅವರ ಕೈಯಲ್ಲೇ ಬರೆಸಿ ಅರ್ಜಿಯ ಜೊತೆಗೇ ಲಗತ್ತಿಸಿ. ನಮ್ಮ ಬೀದಿಯವರು ಒಳ್ಳೆಯವರು, ಕೈಬಿಡುವುದಿಲ್ಲ ಎಂದು ಸುಮ್ಮನೆ ಕೂರಬೇಡಿ. ನಮ್ಮ ಬೀದಿಯವರೂ ಒಳ್ಳೆಯವರೇ.