ಒಬ್ಬೊಬ್ಬರಾಗಿ ಒಳಗೆ ಬನ್ನಿ

ಇಂಡೊನೇಷಿಯಾದ ಹುಡುಗ ಹುಡುಗಿಯರಿಗೆ ಏನು ಇಷ್ಟ ಎಂದು ಕಂಡುಹಿಡಿಯುವುದು 2018ರ ಸುಮಾರಿಗೆ ನನ್ನ ಹೊಟ್ಟೆಪಾಡಾಗಿತ್ತು. ಅದನ್ನು ನಾನು ಕಂಡುಹಿಡಿಯುತ್ತಿದ್ದದ್ದು ಸಿಂಗಪುರದ ಆಫೀಸೊಂದರ ಹನ್ನೊಂದನೆಯ ಮಹಡಿಯಲ್ಲಿ, ಎ.ಸಿ. ಚಳಿಗೆ ಸ್ವೆಟರ್ ಹಾಕಿಕೊಂಡು. ಜಕಾರ್ತಾ ವಿಮಾನದಲ್ಲಿ ಎರಡು ಗಂಟೆಯ ದಾರಿ. ಒಂದು ವಾರ ಕಳಿಸಿ ಎಂದು ಕೇಳಿದಾಗಲೆಲ್ಲ ಬೆಂಗಳೂರಿನವರೇ ಆದ ನಮ್ಮ ಮ್ಯಾನೇಜರ್ ನಗುತ್ತಿದ್ದರು.

"ಅಲ್ಲಿಗ್ಯಾಕ್ರೀ ಹೋಗ್ಬೇಕು? ಇಲ್ಲೇ ಬೇಕಾದಷ್ಟು ಇಂಡೊನೇಷಿಯನ್ ಸ್ಟೂಡೆಂಟ್ಸ್ ಇದಾರೆ. ಕರ್ಸಿ, ಮಾತಾಡ್ಸಿ, ರಿಪೋರ್ಟ್ ಕ್ಲೋಸ್ ಮಾಡಿ."

ನಮ್ಮದು ಕಾಫಿ ಅಂಗಡಿಗಳಿಗೆ ಮೊಬೈಲಿನಿಂದ ಆರ್ಡರ್ ಮಾಡುವ ಆ್ಯಪ್. ತಾಳೆಬೆಲ್ಲ, ಹಾಲು, ಐಸು ಹಾಕಿದ ಕಾಫಿಯ ಹುಚ್ಚು ಆಗ ಆ ದೇಶದ ಹುಡುಗರಿಗೆ ನೆತ್ತಿಗೇರಿತ್ತು. ಅವರು ನಮ್ಮ ಆ್ಯಪ್ ತೆರೆಯುತ್ತಿದ್ದರು, ಕಾಫಿ ಆರಿಸುತ್ತಿದ್ದರು, ಅರ್ಧಕ್ಕೇ ಬಿಟ್ಟು ಹೋಗುತ್ತಿದ್ದರು. ಯಾಕೆ ಬಿಡುತ್ತಾರೆ ಎಂದು ನಾನು ಹೇಳಬೇಕಿತ್ತು.

ನನ್ನ ಪಕ್ಕದ ಮೇಜಿನಲ್ಲಿ ಬಾಂಡುಂಗ್ ಊರಿನ ಹುಡುಗಿ ಕೂರುತ್ತಿದ್ದಳು. ಡಿಸೈನರ್. ಇಡೀ ತಂಡದಲ್ಲಿ ಆ ದೇಶದವಳು ಅವಳೊಬ್ಬಳೇ. ಅವಳದು ಒಂದು ವರ್ಷದ ಕಾಂಟ್ರ್ಯಾಕ್ಟ್. ಪ್ರಾಜೆಕ್ಟ್ ಮುಂದುವರಿದರೆ ಕೆಲಸ ಮತ್ತು ವರ್ಕ್ ಪಾಸ್ ಎರಡೂ ಉಳಿಯುತ್ತಿದ್ದವು, ಇಲ್ಲದಿದ್ದರೆ ಊರಿಗೆ ಗಂಟುಮೂಟೆ. ಇದು ನನಗೆ ಚೆನ್ನಾಗಿ ಗೊತ್ತಿತ್ತು. ನನ್ನನ್ನು 'ಕಕ್' ಎಂದು ಕರೆಯುತ್ತಿದ್ದಳು; ಅವರಲ್ಲಿ ಅಕ್ಕನಿಗೆ ಹಾಗೆನ್ನುತ್ತಾರೆ. ಹತ್ತು ಜನ ವಿದ್ಯಾರ್ಥಿಗಳ ಪಟ್ಟಿ ನೋಡಿ ಅವಳು ಇಂಗ್ಲಿಷಿನಲ್ಲಿ ಮೆತ್ತಗೆ ಹೇಳಿದಳು:

"ಕಕ್, ಒಬ್ಬೊಬ್ಬರನ್ನೇ ಕರೀಬೇಡಿ. ನಮ್ಮವರು ಎಲ್ಲಿಗೂ ಒಬ್ಬರೇ ಹೋಗಲ್ಲ."

"ಗುಂಪಲ್ಲಿ ಕೂರಿಸಿದ್ರೆ ಒಬ್ಬರು ಹೇಳಿದ್ದನ್ನೇ ಇನ್ನೊಬ್ಬರು ಹೇಳ್ತಾರೆ. ಅದು ರಿಸರ್ಚ್ ಅಲ್ಲ" ಎಂದೆ. ಹದಿನೈದು ವರ್ಷದ ಅನುಭವ ನನ್ನದು. ಇಪ್ಪತ್ತಮೂರರ ಹುಡುಗಿಯಿಂದ ಪಾಠ ಹೇಳಿಸಿಕೊಳ್ಳುವ ಮನಸ್ಸು ನನಗಿರಲಿಲ್ಲ.

ಶನಿವಾರ ಬೆಳಿಗ್ಗೆ ಹತ್ತಕ್ಕೆ ಬರಬೇಕಾದ ಮೊದಲ ವಿದ್ಯಾರ್ಥಿನಿ ಹತ್ತೂ ಮುಕ್ಕಾಲಿಗೆ ಬಂದಳು, ಜೊತೆಗೆ ನಾಲ್ವರು ಗೆಳೆಯರು. ನನಗೆ ಮೈಯೆಲ್ಲ ಉರಿದುಹೋಯಿತು. ಸೆಂಗ್‌ಕಾಂಗ್‌ನ ಮನೆಯಲ್ಲಿ ಗಂಡ ಮಗಳನ್ನು ಬಿಟ್ಟು, ರಜೆ ಹಾಳು ಮಾಡಿಕೊಂಡು ನಾನು ಒಂಬತ್ತಕ್ಕೇ ಬಂದು ಕೂತಿದ್ದೆ. ಅವಳೊಬ್ಬಳನ್ನೇ ಒಳಗೆ ಕರೆದು ಉಳಿದವರನ್ನು ಹೊರಗೆ ನಿಲ್ಲಿಸಿದೆ.

"ಈ ಕಾಫಿ ಯಾಕೆ ಇಷ್ಟ?"

"ಎಲ್ಲರೂ ಕುಡೀತಾರೆ."

"ನಿಮಗೆ ಯಾಕೆ ಇಷ್ಟ?"

"ನಾನೂ ಕುಡೀತೀನಿ."

ಆ್ಯಪ್‌ನ ಎರಡು ಸ್ಕ್ರೀನ್ ತೋರಿಸಿ ಯಾವುದು ಚೆನ್ನಾಗಿದೆ ಎಂದು ಕೇಳಿದರೆ, "ಯಾವುದಾದರೂ ಸರಿ" ಎಂದಳು. ತಲೆವಸ್ತ್ರವನ್ನು ಎಷ್ಟು ಚೆಂದವಾಗಿ ಮಡಿಸಿ ಪಿನ್ ಹಾಕಿದ್ದಳೆಂದರೆ, ಆಯ್ಕೆ ಮಾಡಲು ಬಾರದವಳು ಎಂದು ನಂಬುವುದೇ ಕಷ್ಟವಾಗಿತ್ತು. ಮುಂದಿನವನು ಯಾರೋ ಅಜ್ಜ ಹಾಕಿ ಬಿಟ್ಟಂಥ ಹಳೆಯ ಶರ್ಟು ತೊಟ್ಟಿದ್ದ. ಸಂತೆಯಲ್ಲಿ ಗುಡ್ಡೆ ಕೆದಕಿ ಅಂಥದ್ದನ್ನು ಹುಡುಕುವುದೇ ಈಗಿನ ಷೋಕಿಯಂತೆ. ಅವನು ಪ್ರತಿ ಪ್ರಶ್ನೆಗೂ ಬಾಗಿಲ ಕಡೆ ನೋಡಿ, "ಫ್ರೆಂಡ್‌ನ ಕೇಳಲಾ?" ಎನ್ನುತ್ತಿದ್ದ. ಹತ್ತು ಜನ, ಹತ್ತು ಸಲ ಇದೇ ಕತೆ. ಗಾಜಿನಾಚೆ ಅದೇ ಹುಡುಗರು ಒಂದೇ ಫೋನಿನ ಮೇಲೆ ಐದು ತಲೆ ಬಗ್ಗಿಸಿ, ಕೊರಿಯನ್ ಹಾಡಿನ ಹೆಜ್ಜೆ ಹಾಕಿ, ಬಿದ್ದು ಬಿದ್ದು ನಗುತ್ತಿದ್ದರು. ಗಲಾಟೆ ತಡೆಯಲಾರದೆ ನಾನು ಪರದೆ ಎಳೆದೆ.

ಆ ಸಿಟ್ಟಿನಲ್ಲೇ ರಿಪೋರ್ಟ್ ಬರೆದೆ. ಈ ಯುವಜನರಿಗೆ ಸ್ವಂತ ಆಯ್ಕೆ ಎಂಬುದು ಕಡಿಮೆ, ಟ್ರೆಂಡ್ ಹೋದ ಕಡೆ ಹೋಗುತ್ತಾರೆ, ಯಾವುದಕ್ಕೂ ಅಂಟಿಕೊಳ್ಳುವುದಿಲ್ಲ ಎಂದು ಬರೆದೆ. ಪಕ್ಕದ ಮೇಜಿನವಳು ಪೂರ್ತಿ ಓದಿದಳು.

"ನಾನು ಹೇಳಿದ್ದು ಎಲ್ಲೂ ಇಲ್ವಲ್ಲ, ಕಕ್."

"ನೀನು ಟೀಮ್‌ನವಳು, ಯೂಸರ್ ಅಲ್ಲ" ಎಂದುಬಿಟ್ಟೆ.

ಮ್ಯಾನೇಜರ್‌ಗೆ ಮಾತ್ರ ಬಹಳ ಹಿಡಿಸಿತು. "ಸೂಪರ್ ರೀ, ಎಷ್ಟು ಕ್ಲಿಯರ್ ಆಗಿದೆ" ಎಂದರು. ಮೂರು ವಾರಕ್ಕೆ ಮೇಲಿನವರು ಇಂಡೊನೇಷಿಯಾದ ಪ್ರಾಜೆಕ್ಟನ್ನೇ ಮುಚ್ಚಿದರು. ಅಂಟಿಕೊಳ್ಳದ ಗಿರಾಕಿಗಳ ಹಿಂದೆ ಯಾರು ಓಡುತ್ತಾರೆ ಎಂದು ನನ್ನ ಮಾತನ್ನೇ ಮೀಟಿಂಗಿನಲ್ಲಿ ಓದಿದರಂತೆ. ನನ್ನನ್ನು ವಿಯೆಟ್ನಾಂ ತಂಡಕ್ಕೆ ಹಾಕಿದರು. ಅವಳ ಕಾಂಟ್ರ್ಯಾಕ್ಟ್ ಅಲ್ಲಿಗೇ ಮುಗಿಯಿತು.

ಹೋಗುವ ಮುಂಚಿನ ಭಾನುವಾರ ಅವಳು ಸೆರಂಗೂನ್‌ನ ಮಾಲಿಗೆ ಬನ್ನಿ ಎಂದು ಕರೆದಳು. ಯಾವ ಮುಖ ಇಟ್ಟುಕೊಂಡು ಹೋಗಲಿ ಎನ್ನಿಸಿದರೂ ಹೋದೆ. ಒಂದು ಮೇಜಿನ ಸುತ್ತ ಅವಳ ಗೆಳೆಯರು ಐದು ಜನ. ಒಬ್ಬ ಆ್ಯಪ್‌ನಲ್ಲಿ ಕಾಫಿ ಆರಿಸಿ ಫೋನನ್ನು ಪಕ್ಕದವಳಿಗೆ ಕೊಟ್ಟ. ಅವಳು ಒಂದು ಸೇರಿಸಿದಳು. ಮೂರನೆಯವನು ಅದನ್ನು ತೆಗೆದು ಬೇರೆಯದು ಹಾಕಿದ. ಅದಕ್ಕೆ ಜಗಳ, ನಗು, ಹಳೆಯ ಕತೆಗಳು. ಕೊನೆಗೆ ಆ ಫೋನು ಮೇಜಿನ ಮೇಲೆ ಹಾಗೇ ಉಳಿಯಿತು. ಆರ್ಡರ್ ಹೋದದ್ದು ಇನ್ನೊಬ್ಬಳ ಫೋನಿನಿಂದ. ಅರ್ಧಕ್ಕೆ ಬಿಟ್ಟು ಹೋಗುವುದೆಂದರೆ ಇಷ್ಟೇ! ಮೂರು ತಿಂಗಳು ತಲೆ ಕೆಡಿಸಿಕೊಂಡಿದ್ದು ಹತ್ತು ನಿಮಿಷದಲ್ಲಿ ಕಣ್ಣೆದುರಿಗೆ ನಡೆದುಹೋಯಿತು.

ಏಳು ಜನಕ್ಕೆ ನಾಲ್ಕು ಗ್ಲಾಸು ಬಂತು. ಮೈಸೂರಿನ ಕಾಲೇಜು ಕ್ಯಾಂಟೀನಿನಲ್ಲಿ ನಾಲ್ವರು ಗೆಳತಿಯರು ಎರಡು ಬೈ-ಟು ಕಾಫಿ ಹೇಳಿ ಇಡೀ ಮಧ್ಯಾಹ್ನ ಕೂತಿರುತ್ತಿದ್ದೆವು. ಮಾಣಿ ಬಂದು ಟೇಬಲ್ ಒರೆಸಿ ಒರೆಸಿ ಸೂಚನೆ ಕೊಟ್ಟರೂ ಏಳುತ್ತಿರಲಿಲ್ಲ. ಆಗ ಯಾರಾದರೂ ನನ್ನೊಬ್ಬಳನ್ನೇ ರೂಮಿಗೆ ಕರೆದು, ಈ ಕಾಫಿ ನಿನಗೇಕೆ ಇಷ್ಟ ಎಂದು ಕೇಳಿದ್ದರೆ, ಎಲ್ಲರೂ ಕುಡೀತಾರೆ ಎಂದೇ ಹೇಳುತ್ತಿದ್ದೆ. ಗ್ಲಾಸನ್ನು ಪಕ್ಕದವರ ಕಡೆ ಸರಿಸಿ ಬಾಂಡುಂಗ್ ಹುಡುಗಿಯ ಕಡೆ ತಿರುಗಿದೆ.

"ನಾಳೆನೇ ತಿದ್ದಿ ಬರೀತೀನಿ, ಮ್ಯಾನೇಜರ್ ಹತ್ರ ಮಾತಾಡ್ತೀನಿ" ಎಂದೆ.

"ನನ್ನ ಟಿಕೆಟ್ ಬುಧವಾರಕ್ಕೆ, ಕಕ್" ಎಂದಳು. ಕೋಪ ಮಾಡಿಕೊಂಡಿದ್ದರೆ ನನಗೇ ಹಗುರವಾಗುತ್ತಿತ್ತು.

ಸೋಮವಾರ ಬೆಳಿಗ್ಗೆ ಮ್ಯಾನೇಜರ್ ಕಾಫಿ ಕಪ್ ಹಿಡಿದು ನನ್ನ ಮೇಜಿನ ಹತ್ತಿರ ಬಂದರು. ನಿಂತಲ್ಲೇ ಎಲ್ಲವನ್ನೂ ಹೇಳಿದೆ. ಅವರು ಕೇಳಿಸಿಕೊಂಡರು, ಪಾಪ, ತಲೆಯನ್ನೂ ಆಡಿಸಿದರು.

"ಕರೆಕ್ಟ್ ಪಾಯಿಂಟ್ ರೀ. ಆದ್ರೆ ಇದನ್ನ ಮೊದ್ಲೇ ಯಾರಾದ್ರೂ ಹೇಳ್ಬೇಕಿತ್ತಲ್ವಾ?"

"ಹೇಳಿದ್ಲು" ಎಂದೆ.

"ಯಾರು?"

ಅವರ ಬೆನ್ನ ಹಿಂದೆಯೇ ಅವಳು ತನ್ನ ಮೇಜಿನ ಡ್ರಾಯರ್ ಖಾಲಿ ಮಾಡುತ್ತಿದ್ದಳು.