ಮಾಫಿ ಕರಿಬಸಯ್ಯನವರು
ಕೊರೋನಾದ ವರ್ಷ ಲಿಂಗಸುಗೂರಿನ ನಮ್ಮ ಓಣಿಯಲ್ಲಿ ಎಲ್ಲರ ಕೆಲಸ ನಿಂತಿತ್ತು, ನಿವೃತ್ತ ಗುಮಾಸ್ತ ಕರಿಬಸಯ್ಯನವರಿಗೆ ಮಾತ್ರ ಕೆಲಸ ಹೆಚ್ಚಾಗಿತ್ತು. ಮಾಸ್ಕನ್ನು ಗದ್ದಕ್ಕೆ ಇಳಿಸಿಕೊಂಡು, ಕಟ್ಟೆಯ ಮೇಲೆ ಕುಳಿತು, ಬಂದವರಿಗೆಲ್ಲ ಬಿಲ್ ಮಾಫಿಯ ಅರ್ಜಿ ಬರೆದುಕೊಡುತ್ತಿದ್ದರು. ಕರೆಂಟಿಗೊಂದು, ನೀರಿಗೊಂದು, ಮನೆ ಬಾಡಿಗೆಗೊಂದು. ಎಲ್ಲದಕ್ಕೂ "ಮಾನ್ಯರೇ" ಎಂದೇ ಶುರು, ಎಲ್ಲದಕ್ಕೂ ಮೂರು ಪ್ರತಿ. "ಕೊಟ್ಟು ಬರ್ರಿ, ಮಂಜೂರ್ ಆಗೇ ಆಗ್ತೈತಿ" ಎನ್ನುವರು. ಒಂದಕ್ಕೂ ಉತ್ತರ ಬರಲಿಲ್ಲ. ಅವರು ಬೇಸರಿಸದೆ ನೆನಪೋಲೆ ಬರೆದರು, ಅದಕ್ಕೂ ಮೂರು ಪ್ರತಿ. ಬಸ್‌ಸ್ಟ್ಯಾಂಡಿನ ಮುಂದೆ ಮಿರ್ಚಿ ಕರಿದು ಬದುಕುತ್ತಿದ್ದ ಅಮರಮ್ಮನ ಬಂಡಿ ನಿಂತು ಮೂರು ತಿಂಗಳಾಗಿತ್ತು; ಆಕೆಯ ಕರೆಂಟ್ ಬಿಲ್ಲಿಗೂ ಅರ್ಜಿ ಹೋಗಿತ್ತು. ಒಂದು ದಿನ ಆಕೆ ಓಡಿಬಂದು, "ಅಯ್ಯನೋರ, ನಾಳೆ ನಮ್ಮನಿ ಕರೆಂಟ್ ಕಟ್ ಮಾಡ್ತಾರಂತ್ರಿ. ಮಗಳು ಬಾಣಂತಿ ಅದಾಳ್ರಿ" ಎಂದು ಅತ್ತಳು. ಆ ದಿನ ಕರಿಬಸಯ್ಯನವರು ಪೆನ್ನು ಮುಟ್ಟಲಿಲ್ಲ. ಆಕೆಯ ಬಿಲ್ ಇಸಿದುಕೊಂಡು ಹೋಗಿ, ತಮ್ಮ ಪಿಂಚಣಿಯ ಹಣದಿಂದ ಗುಟ್ಟಾಗಿ ಕಟ್ಟಿ ಬಂದರು. ಬಂದವರೇ ಓಣಿಗೆಲ್ಲ ಕೇಳುವಂತೆ, "ಅಮರಮ್ಮ, ನಿನ್ನ ಅರ್ಜಿ ಮಂಜೂರಾತು! ಸರ್ಕಾರ ಮಾಫಿ ಮಾಡೈತಿ!" ಎಂದು ಕೂಗಿದರು. ಮರುದಿನ ಮುಂಜಾನೆ ಕಟ್ಟೆಯ ಮುಂದೆ ಹದಿನಾಲ್ಕು ಮಂದಿ ಬಿಲ್ ಹಿಡಿದು ಸಾಲಾಗಿ ನಿಂತಿದ್ದರು. "ಅಮರಮ್ಮಗ ಮಾಡಿದಂಗ ನಮಗೂ ಮಾಡಿಸ್ರಿ, ಅಯ್ಯನೋರ" ಎಂದರು. ಕರಿಬಸಯ್ಯನವರು ಸಾಲಿನ ಕೊನೆಯ ತನಕ ಕಣ್ಣು ಹಾಯಿಸಿದರು, ಬೆವರು ಒರೆಸಿಕೊಂಡರು, ಆಮೇಲೆ ಮೆಲ್ಲಗೆ, "ಸ್ವಲ್ಪ ತಡೀರಿ. ಸರ್ಕಾರಕ್ಕ ಪಿಂಚಣಿ ಬರೂದು ಒಂದನೇ ತಾರೀಖಿಗೆ" ಎಂದುಬಿಟ್ಟರು.