ಅಣ್ಣನಿಗೆ ಅರವತ್ತು

ನಾನು ನಿಂತದ್ದು ಹೊನ್ನಾವರದ ಕಚೇರಿಯೊಂದರ ಜನನ-ಮರಣದ ಕಿಟಕಿಯೆದುರು; ಕಳೆದ ದೀಪಾವಳಿ ಮುಗಿದ ಮೇಲಿನ ಸೋಮವಾರ, ಬೆಳಗಿನ ಹನ್ನೊಂದರ ಹೊತ್ತು. ಗುಮಾಸ್ತರು ದಪ್ಪ ಪುಸ್ತಕದಿಂದ ತಲೆಯೆತ್ತಿ, "ಎಂತ ಮಾರಾಯ್ರೆ, ನೀವು ತೀರಿಕೊಂಡಿದ್ದೀರಿ" ಎಂದರು.

ನನ್ನ ಹಿಂದೆ ನಿಂತವನು, "ಹನ್ನೆರಡನೇ ದಿನದ ಊಟ ಆತಾ?" ಎಂದು ಕೇಳಿದ. ಎಲ್ಲರೂ ನಕ್ಕರು. ನಾನೂ ನಕ್ಕೆ.

ನನಗಿಂತ ಮೂರು ವರ್ಷ ಮೊದಲು ಹುಟ್ಟಿದ ಅಣ್ಣ, ವರ್ಷ ತುಂಬುವ ಮೊದಲೇ ಜ್ವರದಲ್ಲಿ ಹೋದ. ಅವನಿಗೆ ಅಜ್ಜನ ಹೆಸರಿಟ್ಟಿದ್ದರು. ದೋಣಿ, ಬಲೆಯ ನಮ್ಮ ಮನೆಯಲ್ಲಿ ಅಜ್ಜನ ಹೆಸರು ಅಳಿಯಬಾರದು. ಅದೇ ಹೆಸರು ನನಗೆ ಬಂತು. ಆದರೆ ನನ್ನ ಹುಟ್ಟನ್ನು ಅಪ್ಪ ಬರೆಸಲಿಲ್ಲ. ಮೊದಲನೆಯವನದು ಬರೆಸಿದ್ದಕ್ಕೇ ಹೋದ ಎಂದು ಅವರ ನಂಬಿಕೆ. ಯಮನಿಗೆ ವಿಳಾಸ ಸಿಗದಂತೆ ಮಾಡಿದರು, ಸರಕಾರಕ್ಕೂ ಸಿಗಲಿಲ್ಲ. ಶಾಲೆಯ ದಾಖಲೆಯನ್ನು ಗೆದ್ದಲು ಓದಿ ಮುಗಿಸಿತ್ತು.

ಹಾಗಾಗಿ ನಾನು ದುಡಿಯಲು ಗಲ್ಫಿಗೆ ಹೊರಟಾಗ ಪಾಸ್‌ಪೋರ್ಟ್ ಮಾಡಿಸಿಕೊಟ್ಟ ಭಟ್ಕಳದ ಏಜೆಂಟರಿಗೆ ಸಿಕ್ಕಿದ್ದು ಅಣ್ಣನ ಜನನಪತ್ರ. ಇದು ನನ್ನ ದಿನವಲ್ಲ ಎಂದೆ. "ಹೆಸರು ನಿಮ್ಮದೇ, ಅಪ್ಪನೂ ನಿಮ್ಮವರೇ. ಇನ್ನೆಂತ ಬೇಕು ಭಾಯ್?" ಎಂದರು.

ಅಣ್ಣನ ವಯಸ್ಸು ಹೊತ್ತು ನಾನು ಮಸ್ಕತ್ತಿನ ಬಂದರಿನಲ್ಲಿ ದುಡಿದೆ. ಸತ್ತವನ ಬೆವರಿಗೆ ಯಾರೂ ತಕರಾರು ಮಾಡಲಿಲ್ಲ. ಈಗ ಕಂಪನಿಯವರು ಅರವತ್ತು ತುಂಬಿದವರಿಗೆ ವೀಸಾ ಇಲ್ಲ ಅನ್ನುತ್ತಿದ್ದಾರೆ. ನನಗೆ ಐವತ್ತೇಳು. ಸಣ್ಣ ಮಗಳ ನರ್ಸಿಂಗ್ ಓದು ಈಗಷ್ಟೇ ಶುರುವಾಗಿದೆ. ನಡೆಯಲು ಕಲಿಯುವ ಮೊದಲೇ ಹೋದ ಕೂಸು ನಿವೃತ್ತಿಯಾಗುತ್ತದೆ, ಮನೆಗೆ ಬರಬೇಕಾದವನು ನಾನು.

ಇಷ್ಟನ್ನೂ ಗುಮಾಸ್ತರಿಗೆ ಹೇಳಿ, ನನ್ನದೇ ಜನನಪತ್ರ ಬೇಕು ಎಂದೆ.

"ಹಾಗಾದ್ರೆ ನೀವು ಹುಟ್ಟಿದ್ದಕ್ಕೆ ಎಂತ ಆಧಾರ?"

"ಇಲ್ಲೇ ನಿಂತಿದ್ದೇನಲ್ಲ."

"ನಿಂತದ್ದು ಕಾಣ್ತದೆ. ಹುಟ್ಟಿದ್ದು ಕಾಣೂದಿಲ್ಲ. ಕೋರ್ಟಿಂದ ಆದೇಶ ತನ್ನಿ, ಕಂಡವರ ಸಾಕ್ಷಿ ಹಾಕಿಸಿ."

ಅಂದೇ ಬಸ್ಸು ಹತ್ತಿ ಹಳದೀಪುರಕ್ಕೆ, ಅಪ್ಪನ ತಂಗಿಯ ಮನೆಗೆ ಹೋದೆ. ಅತ್ತೆ ಕೇಳಿ ಉರಿದುಬಿದ್ದಳು. "ಅವನ್ನ ಮಣ್ಣು ಮಾಡುವಾಗ್ಲೂ ನಾನಿದ್ದೆ, ನಿನ್ನ ಮೀಸುವಾಗ್ಲೂ ನಾನಿದ್ದೆ. ಯಾರು ಯಾರು ಅಂತ ನಂಗೆ ಗೊತ್ತಿಲ್ಲವಾ ಮಗಾ? ಕರ್ಕೊಂಡು ಹೋಗು ನನ್ನ. ಆ ಜಡ್ಜರು ಹುಟ್ಟಿದ್ದನ್ನ ಯಾರು ಕಂಡದ್ದು ಅಂತ ಮೊದ್ಲು ಕೇಳ್ತೆ."

ಅರ್ಜಿ ಹಾಕಿದ್ದೇನೆ. ಆದೇಶ ಇನ್ನೂ ಬಂದಿಲ್ಲ. ಅಪ್ಪ, ಅಮ್ಮ, ಸೂಲಗಿತ್ತಿ ಈಗಿಲ್ಲ. ನಾನು ಹುಟ್ಟಿದ್ದನ್ನು ಕಂಡು ಇನ್ನೂ ಬದುಕಿರುವವರು ಇಬ್ಬರು: ಒಬ್ಬಳು ಈ ಅತ್ತೆ, ಇನ್ನೊಬ್ಬರು ಅಂದು ಬಿಸಿನೀರು ಕಾಯಿಸಿಕೊಟ್ಟ ನೆರೆಮನೆಯ ಕೊಂಕಣಿ ಅಜ್ಜಿ, ಈಗ ಕುಮಟಾದಲ್ಲಿ ಮಗನ ಮನೆಯಲ್ಲಿದ್ದಾರೆ. ಅಜ್ಜಿಗೆ ಕಣ್ಣು ಕಾಣುವುದಿಲ್ಲ. ಅಡ್ಡಿಯಿಲ್ಲ ಎಂದು ವಕೀಲರು ಹೇಳಿದ್ದಾರೆ.